ಒಂಬತ್ತನೇ ಕಾಲಮ್ಮಿನ ಹೆಸರು
ಪಹಣಿಯನ್ನು ಪಠ್ಯವಾಗಿ ಓದುವ ಬಗ್ಗೆ ಕೆಲವು ಮಾತು

1

ದಲಿತ ವಿಮರ್ಶೆ ಏನನ್ನು ಓದಬೇಕು ಎಂಬ ಪ್ರಶ್ನೆಗೆ ನಾವು ಈವರೆಗೆ ಕೊಟ್ಟುಕೊಂಡು ಬಂದಿರುವ ಉತ್ತರ ತೀರಾ ಸಾಹಿತ್ಯಕವಾದದ್ದು. ಕಥೆ, ಕವಿತೆ, ಆತ್ಮಕಥನ, ಹೆಚ್ಚೆಂದರೆ ಮಂಟೇಸ್ವಾಮಿ, ಮಾದೇಶ್ವರ ಕಾವ್ಯ. 1973ರಲ್ಲಿ ಬಸವಲಿಂಗಪ್ಪನವರು ಕನ್ನಡ ಸಾಹಿತ್ಯವನ್ನು ಬೂಸಾ ಎಂದು ಕರೆದಾಗ ಎದ್ದ ಗದ್ದಲದಿಂದ ಹಿಡಿದು ಇವತ್ತಿನವರೆಗೂ ನಮ್ಮ ಜಗಳವೆಲ್ಲ ಹೆಚ್ಚಾಗಿ ಸಾಹಿತ್ಯದ ಪುಸ್ತಕಗಳ ಸುತ್ತಲೇ ನಡೆದಿದೆ. ಆ ಜಗಳ ಬೇಕಾಗಿತ್ತು, ಈಗಲೂ ಬೇಕು. ಆದರೆ ನಮ್ಮ ಕೇರಿಗಳ ಬದುಕನ್ನು ಅತಿ ಹೆಚ್ಚು ಕದಲಿಸಿದ ಬರಹಗಳು ಲೈಬ್ರರಿಯ ಕಪಾಟಿನಲ್ಲಿಲ್ಲ. ಅವು ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನಲ್ಲಿ ಕೆಂಪು ಬಟ್ಟೆಯ ಗಂಟಿನೊಳಗಿವೆ. ಪಹಣಿ, ಮ್ಯುಟೇಷನ್ ರಿಜಿಸ್ಟರು, ಸಾಗುವಳಿ ಚೀಟಿ, ಖಾತೆ ಬದಲಾವಣೆ ಆದೇಶ, ಅದರ ಮೇಲಿನ ತಕರಾರು, ತಕರಾರಿನ ಮೇಲಿನ ತೀರ್ಪು. ಇವನ್ನು ಓದುವ ಕೆಲಸವನ್ನು ನಾವು ವಕೀಲರಿಗೆ ಬಿಟ್ಟುಕೊಟ್ಟು ಕೂತಿದ್ದೇವೆ.

ಈ ಕಾಗದಗಳಿಗೂ ಬರೆದವನೊಬ್ಬ ಇದ್ದಾನೆ, ಓದುವವನೊಬ್ಬ ಇದ್ದಾನೆ. ಅವು ಹೇಳುವ ಕಥೆಯಿದೆ, ಹೇಳದೆ ನುಂಗಿಕೊಂಡ ಕಥೆಯೂ ಇದೆ. ನನ್ನ ಮಾತು ಇಷ್ಟೇ: ಸರ್ಕಾರ ದಲಿತರಿಗೆ ಕೊಟ್ಟ ನೆಲ ಕೈತಪ್ಪಿದ ಪ್ರಕರಣಗಳಲ್ಲಿ ಕೊನೆಗೆ ತೀರ್ಮಾನವಾಗುವುದು ಒಂದು ಓದಿನ ಪ್ರಶ್ನೆ. ಇಷ್ಟು ವರ್ಷ ಆ ಕುಟುಂಬ ಯಾಕೆ ಸುಮ್ಮನಿತ್ತು? ಆ ಸುಮ್ಮನಿರುವಿಕೆಗೆ ಅರ್ಥವೇನು? ಕೋರ್ಟುಗಳು ಈಚೆಗೆ ಅದನ್ನು ಒಪ್ಪಿಗೆ ಎಂದು ಓದುತ್ತಿವೆ, ಇಲ್ಲವೇ ಬೇಜವಾಬ್ದಾರಿ ಎಂದು ಓದುತ್ತಿವೆ. ಮೌನವನ್ನು ಓದುವುದೇ ತನ್ನ ಕಸುಬು ಎಂದುಕೊಂಡಿರುವ ದಲಿತ ವಿಮರ್ಶೆ ಇಲ್ಲಿ ಬಾಯಿ ಮುಚ್ಚಿಕೊಂಡಿರುವುದು ಸರಿಯಲ್ಲ.

2

ನಮ್ಮ ವಿಮರ್ಶೆಗೆ ಪರಿಚಿತವಾದ ಜಾಗದಿಂದಲೇ ಹೊರಡೋಣ. 1933ರಲ್ಲಿ ಬಂದ ಕಾರಂತರ ‘ಚೋಮನ ದುಡಿ’ಯನ್ನು ಭೂಮಿಯ ಹಂಬಲದ ದುರಂತ ಎಂದು ಓದುವುದು ವಾಡಿಕೆ. ಚೋಮನಿಗೆ ಎತ್ತುಗಳಿವೆ, ರಟ್ಟೆಯಲ್ಲಿ ಬಲವಿದೆ, ನೆಲವಿಲ್ಲ. ಸಂಕಪ್ಪಯ್ಯನನ್ನು ಕೇಳುತ್ತಾನೆ, ಸಿಗುವುದಿಲ್ಲ. ಹೊಲೆಯನಿಗೆ ಬೇಸಾಯ ಕೂಡದು ಎನ್ನುವುದು ಅಲ್ಲಿಯ ಕಟ್ಟಳೆ. ಮೇಷ್ಟರಾಗಿ ನಾನೂ ಇದನ್ನೇ ಪಾಠ ಮಾಡುತ್ತಿದ್ದೆ. ಒಂದು ದಿನ ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದು, “ಸಾರ್, ಸಂಕಪ್ಪಯ್ಯ ಒಪ್ಕೊಂಡು ನೆಲ ಕೊಟ್ಟಿದ್ರೆ ಖಾತೆ ಯಾರ ಹೆಸರಲ್ಲಿರ್ತಿತ್ತು?” ಅಂದ. ಕ್ಲಾಸು ನಕ್ಕಿತು. ನನಗೆ ನಗು ಬರಲಿಲ್ಲ.

ಆ ಪ್ರಶ್ನೆ ಹಿಡಿದು ಮತ್ತೆ ಓದಿದರೆ ಕಾದಂಬರಿಯಲ್ಲಿ ಕಾಗದ ಎಲ್ಲಿದೆ ಎನ್ನುವುದು ಕಾಣುತ್ತದೆ. ಅದು ಕಾಫಿ ತೋಟದ ಸಾಲದ ಲೆಕ್ಕದಲ್ಲಿದೆ. ಅದನ್ನು ಬರೆಯುವವನು ತೋಟದ ರೈಟರು ಮನ್ವೇಲ. ಚೋಮನಿಗೆ ಆ ಲೆಕ್ಕ ಓದಲು ಬಾರದು. ಎಷ್ಟು ದುಡಿದರೂ ಹರಿಯದ ಆ ಲೆಕ್ಕ ಹರಿಯುವುದು ಬೆಳ್ಳಿಯ ಮೈಯ ಮೇಲೆ. ಚೋಮನನ್ನು ನೆಲದಿಂದ ದೂರ ಇಟ್ಟದ್ದು ಕಟ್ಟಳೆಯಾದರೆ, ಅವನ ಮನೆಯನ್ನು ಮುರಿದದ್ದು ಬೇರೆಯವರ ಕೈಯಲ್ಲಿದ್ದ ಬರವಣಿಗೆ. ನಮ್ಮ ವಿಮರ್ಶೆ ಮೊದಲನೆಯದನ್ನು ನೋಡಿತು, ಎರಡನೆಯದನ್ನು ನೋಡಲಿಲ್ಲ.

ಇದಕ್ಕಿಂತ ಮುಖ್ಯವಾದ ಸಂಗತಿ ಕಾದಂಬರಿಯ ಆಚೆಗಿದೆ. ಚೋಮನ ಮೊಮ್ಮಕ್ಕಳ ಕಾಲಕ್ಕೆ ನೆಲ ಬಂತು. ಕೇರಿ ಕೇರಿಗೂ ದರಖಾಸ್ತಿನಲ್ಲಿ ಎರಡೆಕರೆ, ನಾಲ್ಕೆಕರೆ ಮಂಜೂರಾಯಿತು. ಬಹಳ ಕಡೆ ಅದು ಗೋಮಾಳದ ಅಂಚಿನ ಕಲ್ಲು ಮರಡಿ. ಕಲ್ಲು ಆರಿಸಿ, ಕುಂಟೆ ಕಡಿದು ಹೊಲ ಮಾಡಿದರು. ಆಮೇಲೆ ಎಷ್ಟೋ ಕಡೆ ಹೋಯಿತು. ಹಂಬಲಿಸಿ ಸಿಗದೇ ಹೋದ ನೆಲದ ಕಥೆ ಕನ್ನಡದಲ್ಲಿದೆ. ಸಿಕ್ಕಿ, ಹೆಸರಿಗೂ ಆಗಿ, ಆಮೇಲೆ ಕಾಗದದಲ್ಲೇ ಜಾರಿಹೋದ ನೆಲದ ಕಥೆಗೆ ನಮ್ಮ ವಿಮರ್ಶೆಯಲ್ಲಿ ಒಂದು ಹೆಸರೂ ಇಲ್ಲ.

3

ಹಾಗಾದರೆ ಪಹಣಿ ಓದೋಣ. ಒಂಬತ್ತನೇ ಕಾಲಮ್ಮಿನಲ್ಲಿ ಕಬ್ಜೆದಾರನ ಹೆಸರು. ಹತ್ತನೆಯದರಲ್ಲಿ ಆ ನೆಲ ಅವನಿಗೆ ಹೇಗೆ ಬಂತು ಎಂಬುದು: ಕ್ರಯವೋ, ಪೌತಿಯೋ, ಮಂಜೂರಾತಿಯೋ. ಸಾಮಾನ್ಯವಾಗಿ ಇಲ್ಲೊಂದು ಎಂ.ಆರ್. ನಂಬರಿರುತ್ತದೆ, ಅಷ್ಟೆ. ಹನ್ನೊಂದರಲ್ಲಿ ಋಣ ಮತ್ತು ಇತರ ಹಕ್ಕು. ಹನ್ನೆರಡರಲ್ಲಿ ಸಾಗುವಳಿ ಮಾಡುವವನ ವಿವರ. ಒಂದು ಕುಟುಂಬದ ಮೂರು ತಲೆಮಾರಿನ ಬೆವರು, ಜಗಳ, ಮದುವೆ, ಸಾಲ, ಸಾವು ಎಲ್ಲ ಸೇರಿ ಒಂದು ಎಂ.ಆರ್. ನಂಬರಾಗಿ ಕೂತಿರುತ್ತದೆ.

ಈ ಪಠ್ಯದ ಕರ್ತೃ ಯಾರು? ಹಳೇ ಮೈಸೂರಿನ ಹಳ್ಳಿಯಲ್ಲಿ ಲೆಕ್ಕ ಶಾನುಭೋಗನದು, ದರ್ಬಾರು ಪಟೇಲನದು. ತೋಟಿ, ತಳವಾರ, ನೀರಗಂಟಿ ಇವರು ಕೆಳಗಿನ ಚಾಕರಿಯವರು. ಆದರೆ ಇಲ್ಲೊಂದು ವಿಚಿತ್ರವಿದೆ. ಊರಿನ ಎಲ್ಲೆಯ ವಿಷಯದಲ್ಲಿ ಜಗಳ ಬಂದರೆ ಕೊನೆಯ ಮಾತು ಹೊಲೆಯ ಕುಳವಾಡಿಯದು ಎಂಬ ಪದ್ಧತಿಯನ್ನು ಹತ್ತೊಂಬತ್ತನೇ ಶತಮಾನದ ಬ್ರಿಟಿಷ್ ಅಧಿಕಾರಿಗಳು ಮೈಸೂರು ಸೀಮೆಯಲ್ಲಿ ದಾಖಲು ಮಾಡಿದ್ದಾರೆ. ಊರಿನ ಮಣ್ಣನ್ನು ಉಂಡೆ ಕಟ್ಟಿ, ಅದರ ನಡುವೆ ನೀರು ಇಟ್ಟು, ತಲೆಯ ಮೇಲೆ ಹೊತ್ತು ಕುಳವಾಡಿ ಎಲ್ಲೆಯ ಗುಂಟ ನಡೆಯಬೇಕು. ದಾರಿ ತಪ್ಪಿದರೆ ಉಂಡೆ ಒಡೆಯುತ್ತದೆ, ಅವನ ಮನೆ ಹಾಳಾಗುತ್ತದೆ ಎಂಬ ನಂಬಿಕೆ. ಎಲ್ಲೆ ಬಲ್ಲವನಿಗೆ ಎಲ್ಲೆಯೊಳಗೆ ನೆಲವಿಲ್ಲ. ತಪ್ಪಿದರೆ ಸಾಯುವವನೂ ಅವನೇ. ಶಾನುಭೋಗ ತಪ್ಪು ಬರೆದರೆ ಅವನ ಮನೆ ಹಾಳಾಗುತ್ತದೆಂದು ಯಾವ ನಂಬಿಕೆಯೂ ಹೇಳಲಿಲ್ಲ!

ಊರಿನ ನೆಲದ ನೆನಪು ಕೇರಿಯ ಮೈಯಲ್ಲಿತ್ತು, ಬರವಣಿಗೆ ಊರಿನ ಕೈಯಲ್ಲಿತ್ತು. ವಂಶಪಾರಂಪರ್ಯ ಹುದ್ದೆಗಳನ್ನು ರದ್ದು ಮಾಡಿದ 1961ರ ಕಾಯ್ದೆ 1963ರಲ್ಲಿ ಜಾರಿಯಾದ ಮೇಲೆ ಶಾನುಭೋಗನ ಜಾಗಕ್ಕೆ ಗ್ರಾಮ ಲೆಕ್ಕಿಗ ಬಂದ. ದಫ್ತರ ಅದೇ ಇತ್ತು. 2000ದ ಆಚೀಚೆ ‘ಭೂಮಿ’ ಯೋಜನೆ ಬಂದು ಕೈಬರಹದ ಪಹಣಿಗೆ ಬೆಲೆ ಇಲ್ಲದಾಯಿತು. ಕಂಪ್ಯೂಟರಿನಿಂದ 15 ರೂಪಾಯಿಗೆ ಪಹಣಿ ಸಿಕ್ಕಿತು. ಲಂಚ ಕಡಿಮೆಯಾಯಿತು ಎಂದು ಹೊಗಳಿದರು. ಕಡಿಮೆಯಾಗಿದ್ದರೆ ಸಂತೋಷವೇ. ಆದರೆ ಕಂಪ್ಯೂಟರಿಗೆ ಏರಿದ್ದು ದಫ್ತರದಲ್ಲಿ ಆಗ ಏನಿತ್ತೋ ಅದು. ಶಾನುಭೋಗನ ಕಾಲದಲ್ಲಿ ಬದಲಾಗಿದ್ದ ಹೆಸರು ಈಗ ಸರ್ಕಾರದ ಮುದ್ರೆಯೊಂದಿಗೆ ಅಚ್ಚುಕಟ್ಟಾಗಿ ಅಚ್ಚಾಗಿ ಬಂತು. ಅಚ್ಚಾದದ್ದನ್ನು ಅನುಮಾನಿಸುವುದು ಕೈಬರಹವನ್ನು ಅನುಮಾನಿಸುವುದಕ್ಕಿಂತ ಕಷ್ಟ.

ಇನ್ನು ಹೆಸರು. ಹಳೆಯ ಮಂಜೂರಾತಿ ರಿಜಿಸ್ಟರುಗಳಲ್ಲಿ ನಮ್ಮ ಅಜ್ಜಂದಿರು ‘ಮಾರ ಬಿನ್ ಕೆಂಚ’, ‘ತಿಮ್ಮ ಬಿನ್ ಕರಿಯ’. ಅಯ್ಯ, ಅಪ್ಪ, ಗೌಡ ಯಾವ ಬಾಲವೂ ಇಲ್ಲ. ಬರೆಯುವವನು ಕೇರಿಯವನನ್ನು ಹೇಗೆ ಕೂಗುತ್ತಿದ್ದನೋ ಹಾಗೆ ಬರೆದ. ಆಮೇಲೆ ಸ್ಕೂಲು, ವೋಟರ್ ಲಿಸ್ಟು, ರೇಷನ್ ಕಾರ್ಡು ಬಂದವು. ಮಾರ ಮಾರಯ್ಯನಾದ, ಮೊಮ್ಮಗ ಮಹದೇವಸ್ವಾಮಿಯಾದ. ಇದು ನಮ್ಮ ಸ್ವಾಭಿಮಾನದ ಇತಿಹಾಸ. ಆದರೆ ಎ.ಸಿ. ಕೋರ್ಟಿನಲ್ಲಿ ಎದುರು ವಕೀಲ ಕೇಳುವ ಮೊದಲ ಪ್ರಶ್ನೆ: ಈ ಮಾರಯ್ಯನೇ ಆ ಮಾರ ಅನ್ನೋದಕ್ಕೆ ದಾಖಲೆ ಏನು? ವಂಶವೃಕ್ಷ ತನ್ನಿ. ಸಾವಿನ ಸರ್ಟಿಫಿಕೇಟು ತನ್ನಿ. ಸಾವನ್ನು ಬರೆಸದೇ ಮಣ್ಣು ಮಾಡಿದ ಕಾಲದವನಿಗೆ ಸರ್ಟಿಫಿಕೇಟು ಎಲ್ಲಿಂದ ತರೋದು? ಅವಮಾನದ ಹೆಸರನ್ನು ಬಿಟ್ಟ ತಪ್ಪಿಗೆ ನೆಲದ ಹಕ್ಕನ್ನು ಮತ್ತೆ ಮೊದಲಿನಿಂದ ಸಾಬೀತು ಮಾಡಬೇಕು. ಹೆಂಗಸರ ಸ್ಥಿತಿ ಇನ್ನೂ ಕಡೆ. ‘ಕೋಂ’ ಎಂದು ಗಂಡನ ಹೆಸರಿಗೆ ತಗುಲಿಕೊಂಡು ದಾಖಲೆಗೆ ಬಂದವರೇ ಕಡಿಮೆ. ಪೌತಿ ಖಾತೆಯಲ್ಲಿ ಹಿರಿಯ ಮಗನ ಹೆಸರು ಬಂದು ಉಳಿದವರು, ಅದರಲ್ಲೂ ಹೆಣ್ಣುಮಕ್ಕಳು, ಪಠ್ಯದಿಂದಲೇ ಬಿದ್ದುಹೋಗುತ್ತಾರೆ. ಕ್ರಯಕ್ಕೆ ಹೆಬ್ಬೆಟ್ಟು ಒತ್ತುವಾಗ ಆ ಒಬ್ಬನೇ ಸಾಕಾಗುತ್ತದೆ.

ಖಾತೆ ಬದಲಾಗುವ ಕ್ರಮವನ್ನೂ ನೋಡಿ. 1964ರ ಭೂಕಂದಾಯ ಕಾಯ್ದೆಯ 129ನೇ ಕಲಮಿನ ಪ್ರಕಾರ ಬದಲಾವಣೆಯ ನಮೂದಿನ ಪ್ರತಿಯನ್ನು ಚಾವಡಿಯಲ್ಲಿ ಎದ್ದು ಕಾಣುವ ಕಡೆ ಅಂಟಿಸಬೇಕು. ಸಂಬಂಧಪಟ್ಟವರಿಗೆ ಲಿಖಿತವಾಗಿ ತಿಳಿಸಬೇಕು. ತಕರಾರಿದ್ದರೆ ವಿಚಾರಣೆ, ಇಲ್ಲದಿದ್ದರೆ ಕಾಯಂ. ಕಾಯ್ದೆ ಮಾಡಿದವರ ಕಣ್ಣಿನಲ್ಲಿ ಚಾವಡಿ ಎಂದರೆ ಎಲ್ಲರೂ ಬಂದು ಹೋಗುವ ಜಾಗ. ನಮ್ಮವರು ಚಾವಡಿಯ ಜಗಲಿ ಹತ್ತುವಂತಿರಲಿಲ್ಲ, ಕೆಳಗೆ ಕೈಕಟ್ಟಿ ನಿಲ್ಲಬೇಕಿತ್ತು. ಹತ್ತಿದರೂ ಅಂಟಿಸಿದ್ದನ್ನು ಓದಲು ಬರುತ್ತಿರಲಿಲ್ಲ. “ಅವಧಿಯೊಳಗೆ ಯಾವ ತಕರಾರೂ ಬಂದಿರುವುದಿಲ್ಲ, ಆದ್ದರಿಂದ ಮಂಜೂರು ಮಾಡಿದೆ” ಎಂಬ ರೀತಿಯ ಒಕ್ಕಣೆ ಮ್ಯುಟೇಷನ್ನುಗಳಲ್ಲಿ ಮಾಮೂಲು. ಬಾರದ ತಕರಾರು ಅದರಲ್ಲಿ ಒಪ್ಪಿಗೆಯಾಗಿದೆ. ಆಮೇಲಿನ ತೀರ್ಪುಗಳ ಓದಿಗೆ ಇದೇ ಮೊದಲ ಮಾದರಿ.

4

ಈ ಓದನ್ನು ತಲೆಕೆಳಗು ಮಾಡಿದ ಒಂದು ಕಾಯ್ದೆ ನಮ್ಮಲ್ಲಿದೆ. ಅದನ್ನು ಪಿ.ಟಿ.ಸಿ.ಎಲ್. ಎಂದು ಕರೆಯುವುದು ರೂಢಿ. ಪರಿಶಿಷ್ಟ ಜಾತಿ, ಪಂಗಡದವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನುಗಳ ಪರಭಾರೆ ನಿಷೇಧದ 1978ರ ಕಾಯ್ದೆ. 1979ರ ಜನವರಿ 1ರಿಂದ ಜಾರಿ. ಮಂಜೂರಾತಿಯ ಷರತ್ತು ಮುರಿದು ನಡೆದ ಪರಭಾರೆ, ಕಾಯ್ದೆಗೆ ಮುಂಚೆ ನಡೆದಿರಲಿ ಆಮೇಲೆ ನಡೆದಿರಲಿ, ಅಸಿಂಧು. ಮುಂದೆ ಪರಭಾರೆ ಮಾಡಬೇಕಾದರೆ ಸರ್ಕಾರದ ಮುಂಚಿತ ಅನುಮತಿ ಬೇಕು. ಕ್ರಯವಷ್ಟೇ ಅಲ್ಲದೆ ಭೋಗ್ಯ, ಗುತ್ತಿಗೆ, ಕ್ರಯದ ಕರಾರು ಕೂಡ ಪರಭಾರೆಯೇ. ಭೋಗ್ಯ ಅಂತ ಹೇಳಿ ಹೆಬ್ಬೆಟ್ಟು ಒತ್ತಿಸಿಕೊಂಡು ಕ್ರಯ ಬರೆಸಿಕೊಳ್ಳುವ ಊರಿನ ಆಟವನ್ನು ಬಲ್ಲವರೇ ಈ ಕಲಮನ್ನು ಬರೆದಿರಬೇಕು. ಉಪವಿಭಾಗಾಧಿಕಾರಿ ಅರ್ಜಿಯ ಮೇಲಾಗಲಿ ತಾನಾಗಿಯೇ ಆಗಲಿ ವಿಚಾರಣೆ ನಡೆಸಿ, ನೆಲ ವಶಕ್ಕೆ ಪಡೆದು, ಮೂಲ ಮಂಜೂರಿದಾರನಿಗೆ ಅಥವಾ ವಾರಸುದಾರನಿಗೆ ಮರಳಿಸಬೇಕು.

ನನಗೆ ವಿಮರ್ಶೆಯ ದೃಷ್ಟಿಯಿಂದ ಅತಿ ಮುಖ್ಯ ಎನಿಸುವುದು 5ನೇ ಕಲಮಿನ ಮೂರನೇ ಉಪಕಲಮು. ಮಂಜೂರಾದ ನೆಲ ಮೂಲ ಮಂಜೂರಿದಾರ ಅಥವಾ ಅವನ ವಾರಸುದಾರನನ್ನು ಬಿಟ್ಟು ಬೇರೆಯವರ ಸ್ವಾಧೀನದಲ್ಲಿದ್ದರೆ, ಅದು ಅಸಿಂಧು ಪರಭಾರೆಯಿಂದಲೇ ಬಂದದ್ದು ಎಂದು ಭಾವಿಸಬೇಕು. ಅಲ್ಲ ಎಂದು ಸಾಬೀತು ಮಾಡುವ ಭಾರ ಸ್ವಾಧೀನದಲ್ಲಿರುವವನದು. ಇದನ್ನು ಭೂಕಂದಾಯ ಕಾಯ್ದೆಯ 133ನೇ ಕಲಮಿನ ಪಕ್ಕ ಇಟ್ಟು ಓದಿ. ಆ ಕಲಮು ಹೇಳುವುದು, ದಾಖಲೆಯ ನಮೂದನ್ನು ಸುಳ್ಳೆಂದು ಸಾಬೀತಾಗುವವರೆಗೆ ನಿಜವೆಂದೇ ಭಾವಿಸಬೇಕು ಎಂದು. ಒಂದು ಕಾಯ್ದೆ ಕಾಗದವನ್ನು ನಂಬು ಎನ್ನುತ್ತದೆ, ಇನ್ನೊಂದು ಕಾಗದವನ್ನು ಅನುಮಾನಿಸು ಎನ್ನುತ್ತದೆ. ದಲಿತ ವಿಮರ್ಶೆಗೆ ಒಂದು ಓದಿನ ಕ್ರಮ ಬೇಕು ಎಂದು ನಾವು ಎಲ್ಲೆಲ್ಲೋ ಹುಡುಕುತ್ತೇವೆ. ನಮ್ಮ ಶಾಸನಸಭೆಯೇ ಅಂಥದೊಂದನ್ನು 1978ರಲ್ಲಿ ಬರೆದಿಟ್ಟಿದೆ.

ಈ ಕಾಯ್ದೆಯನ್ನು ಪ್ರಶ್ನಿಸಿದ ಮಂಚೇಗೌಡ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1984ರಲ್ಲಿ ಕಾಯ್ದೆಯನ್ನು ಎತ್ತಿ ಹಿಡಿಯಿತು. ಬಡತನ, ಅನಕ್ಷರತೆ, ಬಲಾಢ್ಯರ ಒತ್ತಡ ಇವುಗಳ ನಡುವೆ ನಡೆದ ಮಾರಾಟವನ್ನು ಬರಿಯ ಕರಾರು ಎಂದು ನೋಡಬಾರದು ಎಂಬ ತಿಳಿವಳಿಕೆ ಆ ತೀರ್ಪಿನ ಹಿಂದಿದೆ. ಅದೇ ತೀರ್ಪು ಒಂದು ಕಿಂಡಿಯನ್ನೂ ಬಿಟ್ಟಿತು. ಕಾಯ್ದೆ ಜಾರಿಗೆ ಬರುವ ಮುಂಚೆಯೇ ದೀರ್ಘ ಸ್ವಾಧೀನದಿಂದ ಹಕ್ಕು ಪಕ್ಕಾ ಮಾಡಿಕೊಂಡವರಿಗೆ ಇದು ತಟ್ಟುವುದಿಲ್ಲ ಎಂದಿತು. ಕಾಲ ಎಂಬುದು ಈ ಕಿಂಡಿಯಿಂದ ಒಳಗೆ ಬಂತು.

ಕಾಯ್ದೆಯ ಒಳಗೇ ಇರುವ ಇನ್ನೊಂದು ತೂತನ್ನು ಹೇಳದೆ ಹೋಗಬಾರದು. ‘ಮಂಜೂರಾದ ಜಮೀನು’ ಎಂಬುದರ ವ್ಯಾಖ್ಯೆಯಲ್ಲಿ ಇನಾಂ ರದ್ದತಿಯಿಂದ ಬಂದ ನೆಲವೂ ಸೇರುತ್ತದೆ. ಆದರೆ ವಂಶಪಾರಂಪರ್ಯ ಹುದ್ದೆಗೆ ಸಂಬಂಧಿಸಿದ್ದನ್ನು ಬಿಟ್ಟು! ಅಂದರೆ ತೋಟಿ ಇನಾಂ, ತಳವಾರಿಕೆ ಇನಾಂ ನೆಲ ಈ ರಕ್ಷಣೆಯ ಹೊರಗೆ. ಸಾವಿನ ಸುದ್ದಿ ಹೊತ್ತು, ತಮಟೆ ಬಡಿದು, ಸತ್ತ ದನ ಎಳೆದು ನಮ್ಮವರು ಸಂಪಾದಿಸಿದ್ದು ಆ ನೆಲ. ಬಿಟ್ಟಿ ಚಾಕರಿಗೆ ಕಟ್ಟಿಹಾಕುವ ಇಂಥ ವತನದ ವಿರುದ್ಧ ಅಂಬೇಡ್ಕರ್ 1928ರಲ್ಲಿಯೇ ಮುಂಬೈ ಶಾಸನಸಭೆಯಲ್ಲಿ ಮಸೂದೆ ತಂದಿದ್ದರು. ಮೈಸೂರಿನಲ್ಲಿ 1961ರ ಕಾಯ್ದೆ ಚಾಕರಿಯನ್ನು ಕಿತ್ತು ನೆಲವನ್ನು ಅವರಿಗೇ ಮರುಮಂಜೂರು ಮಾಡಿತು. 1978ರಲ್ಲಿ ಆ ಹುದ್ದೆ ಕಾಯ್ದೆಗೇ ತಿದ್ದುಪಡಿ ತಂದು ಇಂಥ ನೆಲವನ್ನು 15 ವರ್ಷ ಮಾರಬಾರದೆಂದರು. ಆ ಅವಧಿ ಕಳೆದ ಮೇಲೆ ಬೇಲಿ ಇಲ್ಲ. ಸರ್ಕಾರದ ದಯೆಯಿಂದ ಬಂದ ನೆಲಕ್ಕೆ ಕಾವಲುಂಟು, ತಲೆಮಾರುಗಳ ದುಡಿಮೆಯಿಂದ ಬಂದ ನೆಲಕ್ಕೆ ಇಲ್ಲ ಎಂದರೆ ಏನರ್ಥ? ದಲಿತನನ್ನು ಫಲಾನುಭವಿಯಾಗಿ ಒಪ್ಪುವ ವ್ಯವಸ್ಥೆ ಅವನನ್ನು ಹಕ್ಕುದಾರನಾಗಿ ಒಪ್ಪಲು ಹಿಂಜರಿಯುತ್ತದೆ. ಇಡೀ ಕಾಯ್ದೆಯ ಮನಸ್ಸು ಈ ಒಂದು ವಾಕ್ಯದಲ್ಲಿ ಬಯಲಾಗುತ್ತದೆ.

5

ಈಗ ಕಾಲದ ವಿಷಯಕ್ಕೆ ಬರೋಣ. 5ನೇ ಕಲಮಿನಲ್ಲಿ ಅರ್ಜಿ ಹಾಕಲು ಕಾಲಮಿತಿ ಇರಲಿಲ್ಲ. 2017ರಲ್ಲಿ ನೆಕ್ಕಂಟಿ ರಾಮಲಕ್ಷ್ಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಕಾಲಮಿತಿ ಬರೆದಿಲ್ಲದಿದ್ದರೂ ‘ಸಮಂಜಸ ಅವಧಿ’ಯೊಳಗೆ ಅರ್ಜಿ ಬರಬೇಕು, ಕಾಲು ಶತಮಾನ ಕಳೆದ ಮೇಲೆ ಬಂದರೆ ಆಗದು ಎಂದಿತು. ಅದರ ಹಿಂದೆಯೇ ಎ.ಸಿ., ಡಿ.ಸಿ., ಹೈಕೋರ್ಟು ಎಲ್ಲ ಕಡೆ ನಮ್ಮವರ ಅರ್ಜಿಗಳು ವಿಳಂಬದ ಕಾರಣಕ್ಕೆ ಬಿದ್ದವು. ಕ್ರಯ ಅಸಿಂಧು ಹೌದೋ ಅಲ್ಲವೋ ಎಂಬ ಪ್ರಶ್ನೆಯನ್ನು ತೆರೆಯುವ ಅಗತ್ಯವೇ ಬೀಳಲಿಲ್ಲ. ನೆಲ ಕಳೆದುಕೊಂಡವರು ಬೆಂಗಳೂರಿನ ಫ್ರೀಡಂ ಪಾರ್ಕಿನಲ್ಲಿ ತಿಂಗಳುಗಟ್ಟಲೆ ಧರಣಿ ಕೂತರು. 2023ರಲ್ಲಿ ಕಾಯ್ದೆಗೆ ತಿದ್ದುಪಡಿ ಬಂತು: ಬೇರೆ ಯಾವ ಕಾನೂನಿನಲ್ಲಿ ಏನೇ ಇರಲಿ ಇದಕ್ಕೆ ಕಾಲಮಿತಿ ಇಲ್ಲ, ಎಲ್ಲ ಹಂತದಲ್ಲೂ ಬಾಕಿ ಇರುವ ಪ್ರಕರಣಗಳಿಗೂ ಇದು ಅನ್ವಯ. ಗೆದ್ದೆವು ಅಂದುಕೊಂಡೆವು. 2024ರಲ್ಲಿ ನಮ್ಮ ಹೈಕೋರ್ಟಿನ ವಿಭಾಗೀಯ ಪೀಠವೊಂದು, ಕಾಲಮಿತಿ ಬೇರೆ, ವಿಳಂಬ ಬೇರೆ, ತಿದ್ದುಪಡಿ ಮೊದಲನೆಯದನ್ನು ತೆಗೆದರೂ ಎರಡನೆಯದು ಉಳಿಯುತ್ತದೆ ಎಂದು ಓದಿತು.

ಕಾನೂನಿನ ಸೂಕ್ಷ್ಮವನ್ನು ವಕೀಲರು ನೋಡಿಕೊಳ್ಳಲಿ. ವಿಮರ್ಶೆ ಕೇಳಬೇಕಾದದ್ದು ಈ ವರ್ಷಗಳ ಒಳಗೆ ಏನಿತ್ತು ಎಂಬುದನ್ನು. ‘25 ವರ್ಷ ಸುಮ್ಮನಿದ್ದರು’ ಎಂಬ ವಾಕ್ಯಕ್ಕೆ ಕರ್ತೃ ಯಾರು? ನೆಲ ಕೊಂಡವನ ಹೊಲದಲ್ಲೇ ಕೂಲಿ ಮಾಡಬೇಕಾದವನು, ಅವನ ಬಾವಿಯ ನೀರಿಗೆ ಕಾಯಬೇಕಾದವಳು, ಮಗನ ಮದುವೆಗೆ ಅವನ ಹತ್ತಿರವೇ ಸಾಲ ತಂದವನು ಅವನ ಮೇಲೆ ಅರ್ಜಿ ಕೊಡುವುದು ಎಂದರೇನು ಎಂಬುದು ಹಳ್ಳಿಯಲ್ಲಿ ಬಾಳಿದ ಯಾರಿಗೂ ಗೊತ್ತು. ಅರ್ಜಿ ಕೊಟ್ಟ ಮರುದಿನದಿಂದ ಕೂಲಿ ಇಲ್ಲ, ಅಂಗಡಿಯಲ್ಲಿ ಸಾಮಾನಿಲ್ಲ, ದಾರಿ ಇಲ್ಲ. ಹಾಗಾಗಿ ಮೊದಲ ತಲೆಮಾರು ಸುಮ್ಮನಿತ್ತು. ಎರಡನೆಯದು ಊರು ಬಿಟ್ಟು ಪೇಟೆ ಸೇರಿತು. ಮೂರನೆಯದು ಓದಿತು, ಪಹಣಿ ತೆಗೆಸಿತು, ಅರ್ಜಿ ಹಾಕಿತು. ಕೋರ್ಟು ಇದನ್ನು ತಡ ಅನ್ನುತ್ತದೆ. ಅಕ್ಷರ ಕೇರಿಗೆ ಬರಲು ಹಿಡಿದ ಸಮಯ ಇದು ಎಂದು ಓದಲು ಬರುವುದಿಲ್ಲವೆ? ಅಷ್ಟಕ್ಕೂ ತಾನಾಗಿಯೇ ವಿಚಾರಣೆ ಮಾಡಬಹುದೆಂದು ಕಾಯ್ದೆ ಅಧಿಕಾರ ಕೊಟ್ಟದ್ದು ಉಪವಿಭಾಗಾಧಿಕಾರಿಗೆ. ಆತ ಸುಮ್ಮನಿದ್ದ ವರ್ಷಗಳನ್ನು ಯಾವ ತೀರ್ಪು ಎಣಿಸುತ್ತದೆ?

ಇಲ್ಲಿ ಕಾಗದದ ಇಬ್ಬಗೆಯ ನ್ಯಾಯವನ್ನೂ ಗಮನಿಸಬೇಕು. ಮ್ಯುಟೇಷನ್ ಎಂಬುದು ಕಂದಾಯ ವಸೂಲಿಯ ಅನುಕೂಲಕ್ಕಷ್ಟೆ, ಅದು ಹಕ್ಕನ್ನು ಕೊಡದು ಎಂದು ಸುಪ್ರೀಂ ಕೋರ್ಟು 1996ರಲ್ಲೂ 2021ರಲ್ಲೂ ಹೇಳಿದೆ. ನಿಯಮ ಸರಿಯೇ. ಆದರೆ ಅದೇ ಹಕ್ಕಲ್ಲದ ಕಾಗದ ವರ್ಷಾವರ್ಷ ಅಚ್ಚಾಗಿ ಬಂದು ಕೊಂಡವನ ಪಾಲಿಗೆ ಸ್ವಾಧೀನದ ಪುರಾವೆಯಾಗುತ್ತದೆ, ಸ್ವಾಧೀನ ‘ನೆಲೆಗೊಂಡ ಸ್ಥಿತಿ’ಯಾಗುತ್ತದೆ, ನೆಲೆಗೊಂಡದ್ದನ್ನು ಕದಲಿಸಬಾರದು ಎಂಬ ನ್ಯಾಯವಾಗುತ್ತದೆ. ನಮ್ಮವನು ತನ್ನ ಅಜ್ಜನ ಹೆಸರಿನ ಹಳೇ ಪಹಣಿ ಹಿಡಿದು ಹೋದರೆ, ಮೂಲ ಮಂಜೂರಾತಿ ಕಡತ ಎಲ್ಲಿ, ಪುಕ್ಕಟೆಯಾಗಿ ಕೊಟ್ಟದ್ದೋ ಬೆಲೆ ಕಟ್ಟಿಸಿಕೊಂಡು ಕೊಟ್ಟದ್ದೋ, ಷರತ್ತು ಎಷ್ಟು ವರ್ಷದ್ದು ಎಂಬ ಪ್ರಶ್ನೆಗಳು. ಕಡತ ಇಟ್ಟುಕೊಳ್ಳಬೇಕಾದ ಕಚೇರಿಯೇ ‘ಕಡತ ಲಭ್ಯವಿಲ್ಲ’ ಎಂದು ಹಿಂಬರಹ ಕೊಡುತ್ತದೆ. ಸರ್ಕಾರ ಕಳೆದ ಕಾಗದದ ನಷ್ಟ ನಮ್ಮ ತಲೆಗೆ.

ನಮ್ಮ ಕಡೆಯ ಹುಳುಕನ್ನೂ ಮುಚ್ಚಿಡಬಾರದು. ಪಟ್ಟಣದ ಸುತ್ತ ನೆಲದ ಬೆಲೆ ಏರಿದ ಮೇಲೆ ವಾರಸುದಾರನ ಹಿಂದೆ ರಿಯಲ್ ಎಸ್ಟೇಟಿನವನು ನಿಂತು ಕೇಸು ಹಾಕಿಸುವುದುಂಟು. ಬಿಡಿಸಿಕೊಂಡ ನೆಲವನ್ನು ಅನುಮತಿ ಪಡೆದು ಮತ್ತೆ ಮಾರುವುದುಂಟು. ಚಳವಳಿಯ ಹೆಸರಿನಲ್ಲೇ ದಲ್ಲಾಳಿ ಕೆಲಸ ಮಾಡುವವರನ್ನು ನಾವೆಲ್ಲ ನೋಡಿದ್ದೇವೆ. ಕೊಂಡವರಲ್ಲಿ ಒಂದೆರಡೆಕರೆಯ ಬಡ ಒಕ್ಕಲೂ ಇದ್ದಾನೆ. ಇದನ್ನು ತೋರಿಸಿ ಕಾಯ್ದೆಯೇ ಬೇಡ ಎನ್ನುವವರಿದ್ದಾರೆ. ಅದು ನೆಗಡಿಗೆ ಮೂಗು ಕೊಯ್ದ ಹಾಗೆ. ಆದರೆ ಬಿಡಿಸಿಕೊಂಡ ನೆಲದಲ್ಲಿ ಉಳುವುದು ಹೇಗೆ, ಹೆಣ್ಣುಮಕ್ಕಳ ಹೆಸರನ್ನೂ ಸೇರಿಸಿ ಜಂಟಿ ಖಾತೆ ಮಾಡಿಸುವುದು ಹೇಗೆ ಎಂದು ಯೋಚಿಸದ ಹೋರಾಟ, ಒಂಬತ್ತನೇ ಕಾಲಮ್ಮಿನಲ್ಲಿ ಒಂದು ಹೆಸರು ಅಳಿಸಿ ಇನ್ನೊಂದು ಬರೆಸುವಷ್ಟಕ್ಕೇ ನಿಂತುಬಿಡುತ್ತದೆ.

ಈ ವಿಶೇಷ ಸಂಚಿಕೆಯ ಓದುಗರಲ್ಲಿ ಬಹಳ ಮಂದಿ ಕಾಲೇಜು, ವಿಶ್ವವಿದ್ಯಾಲಯಗಳಲ್ಲಿರುವವರು. ಹಸ್ತಪ್ರತಿಗಳ ಪಾಠಾಂತರ ಗುರುತಿಸುವುದನ್ನು, ಪ್ರಕ್ಷಿಪ್ತ ಯಾವುದು ಎಂದು ಪತ್ತೆ ಮಾಡುವುದನ್ನು ಕನ್ನಡ ಎಂ.ಎ. ತರಗತಿಗಳಲ್ಲಿ ಕಲಿಸುತ್ತಾರೆ. ಅದೇ ವಿದ್ಯೆಯನ್ನು ಒಂದು ಸರ್ವೆ ನಂಬರಿನ ಮೇಲೆ ಪ್ರಯೋಗಿಸಿ ನೋಡಿ. 2005ರ ಮಾಹಿತಿ ಹಕ್ಕು ಕಾಯ್ದೆ ಕೈಯಲ್ಲಿದೆ. ನಿಮ್ಮ ಕೇರಿಯ ಒಂದು ಮಂಜೂರಾತಿಯ ಸಾಗುವಳಿ ಚೀಟಿ, ಅಲ್ಲಿಂದ ಇಲ್ಲಿಯವರೆಗಿನ ಪಹಣಿ, ನಡುವಿನ ಎಂ.ಆರ್. ಪ್ರತಿಗಳನ್ನು ತೆಗೆಸಿ ಸಾಲಾಗಿ ಜೋಡಿಸಿ. ಹೆಸರು ಯಾವ ವರ್ಷ ಬದಲಾಯಿತು, ಯಾವ ಆಧಾರದ ಮೇಲೆ, ತಕರಾರು ಬರಲಿಲ್ಲ ಎಂದು ಯಾರು ಬರೆದರು ಎಂದು ಗುರುತು ಹಾಕಿ. ಆಮೇಲೆ ಆ ಮನೆಯ ವಯಸ್ಸಾದ ಹೆಂಗಸರ ಹತ್ತಿರ ಕೂತು, ಆ ವರ್ಷ ಮನೆಯಲ್ಲಿ ಏನು ನಡೆದಿತ್ತು ಕೇಳಿ ಬರೆದುಕೊಳ್ಳಿ. ಬರವೋ, ಮದುವೆಯೋ, ಸಾವೋ, ಹೊಡೆತವೋ. ಇಸವಿಗೂ ನೆನಪಿಗೂ ನಂಟು ಬಿದ್ದಾಗ ‘ವಿಳಂಬ’ ಎಂಬ ಒಂದೇ ಪದದ ಕೆಳಗೆ ಹೂತುಹೋದದ್ದು ಮೇಲೆ ಬರುತ್ತದೆ. ಆ ಬರಹ ಎ.ಸಿ. ಕೋರ್ಟಿನಲ್ಲಿ ಅರ್ಜಿಯ ಜೊತೆ ಅಫಿಡವಿಟ್ಟಾಗಿ ಹೋಗಬಹುದು, ಇಂಥ ಪತ್ರಿಕೆಯಲ್ಲಿ ಲೇಖನವಾಗಿಯೂ ಬರಬಹುದು. ಎರಡಕ್ಕೂ ಒಂದೇ ಶ್ರಮ. ಮೊದಲು ಅಫಿಡವಿಟ್ಟು ಆಗಲಿ.